ಇನ್‌ಹೆರಿಟೆನ್ಸ್‌ಗೆ ‘ಬಳುವಳಿ’ ಅಂದ್ರೆ ಸರಿ ಹೋಗುತ್ತಾ?

ಎಲ್ರಿಗೂ ನಮಸ್ಕಾರ. ಸಂಜೆ ಹೊತ್ತು ಡಿಪ್ಲೊಮಾ ಮಕ್ಕಳಿಗೆ ಜಾವಾ ಅನ್ನೋ ಪ್ರೋಗ್ರಾಮಿಂಗ್ ಭಾಷೆ ಹೇಳ್ಕೊಡ್ತೀನಿ, ಹೆಚ್ಚಿನೋರು ಕನ್ನಡ ಮೀಡಿಯಂನಿಂದ ಬಂದೋರು, ಅದಕ್ಕೆ ನೋಟ್ಸು ಕನ್ನಡದಲ್ಲೇ ಬರೀತಿದೀನಿ. ಕ್ಲಾಸ್, ಆಬ್ಜೆಕ್ಟ್ ಎರಡನ್ನೂ ಹಾಗೇ ಬಿಟ್ಟೆ. ಸಂಕ್ರಾಂತಿಗೆ ಸಕ್ಕರೆ ಪಾಕ ಹುಯ್ಯೋ ಮರದ ಅಚ್ಚು ಕ್ಲಾಸು, ಅದ್ರಿಂದ ಬಿಡಿಸಿ ತೆಗೆದ ಒಂದೊಂದು ಆನೆ, ಒಂದೊಂದು ತೇರು ಆಬ್ಜೆಕ್ಟು ಅಂದ್ರೆ ತಿಳ್ಕೋತಾರೆ. ತೊಡಕಾಗಿರೋದು ಇನ್‌ಹೆರಿಟೆನ್ಸು, ಅಂದ್ರೆ ಒಂದು ಕ್ಲಾಸಲ್ಲಿ ಇರೋದು ಅದ್ರಿಂದ ಹುಟ್ಟಿದ ಇನ್ನೊಂದು ಕ್ಲಾಸಿಗೂ ಬರೋದು.

ಮೊದ್ಲು ‘ಪಿತ್ರಾರ್ಜಿತ’ ಅಂತ ಬರೆದಿದ್ದೆ. ‘ಖಾತೆ’ ಅನ್ನೋ ಕ್ಲಾಸಲ್ಲಿ ನಂಬರು, ಬ್ಯಾಲೆನ್ಸು, ದುಡ್ಡು ಕಟ್ಟೋ ಮೆಥಡ್ಡು (ಒಂದು ಕೆಲಸ ಮಾಡೋ ಕೋಡು) ತೆಗೆಯೋ ಮೆಥಡ್ಡು ಇವೆ, ಅದನ್ನ ಎಕ್ಸ್‌ಟೆಂಡ್ ಮಾಡಿ, ಅಂದ್ರೆ ಅದನ್ನ ತಾಯಿಯಾಗಿಟ್ಟು, ‘ಉಳಿತಾಯ ಖಾತೆ’, ‘ಚಾಲ್ತಿ ಖಾತೆ’ ಅನ್ನೋ ಎರಡು ಮಕ್ಕಳ ಕ್ಲಾಸು ಬರೆಸಿದೆ. ಒಬ್ಬ ಹುಡುಗಿ ಕೇಳಿದ್ಲು, ಸಾರ್ ಎರಡು ಮಕ್ಕಳಿದ್ರೆ ಮೆಥಡ್ಡು ಪಾಲಾಗುತ್ತಾ ಅಂತ. ಅವಳ ತಪ್ಪಲ್ಲ, ನನ್ನ ಪದದ್ದೇ ತಪ್ಪು. ಆಸ್ತಿ ಅಂದ್ಮೇಲೆ ಭಾಗ ಆಗ್ಲೇಬೇಕು, ಇಲ್ಲಿ ಎಷ್ಟು ಮಕ್ಕಳಿದ್ರೂ ಪ್ರತಿಯೊಂದಕ್ಕೂ ಪೂರ್ತಿ ಸಿಗುತ್ತೆ, ತಾಯಿ ಕ್ಲಾಸಲ್ಲಿ ಏನೂ ಕಮ್ಮಿಯಾಗಲ್ಲ, ಚಾಲ್ತಿ ಖಾತೆ ತನ್ನ ತೆಗೆಯೋ ಮೆಥಡ್ಡನ್ನ ಓವರ್‌ರೈಡ್ ಮಾಡಿ (ತನಗೆ ಬೇಕಾದ ಹಾಗೆ ಬದಲಿಸಿ ಬರೆದು) ಓವರ್‌ಡ್ರಾಫ್ಟ್, ಅಂದ್ರೆ ಬ್ಯಾಲೆನ್ಸಿಗಿಂತ ಹೆಚ್ಚು ತೆಗೆಯೋ ಸೌಲಭ್ಯ, ಸೇರಿಸ್ಕೊಂಡ್ರೂ ಉಳಿತಾಯ ಖಾತೆ ಇದ್ದ ಹಾಗೇ ಇರುತ್ತೆ.

‘ಆನುವಂಶಿಕತೆ’ ಅರ್ಥಕ್ಕೆ ಹತ್ರ, ಆದ್ರೆ ಅಲ್ಲಿ ಅಪ್ಪ ಅಮ್ಮ ಇಬ್ರಿಂದ್ಲೂ ಬರಬೇಕು, ಜಾವಾದಲ್ಲಿ ಒಂದು ಕ್ಲಾಸು ಒಂದೇ ಕ್ಲಾಸನ್ನ ಎಕ್ಸ್‌ಟೆಂಡ್ ಮಾಡೋದು. ಹೇಳೋಕೂ ನಾಲಿಗೆ ತೊಡರುತ್ತೆ.

ನನಗೆ ಹಿಡಿಸಿರೋದು ‘ಬಳುವಳಿ’. ಮದುವೇಲಿ ಮಗಳಿಗೆ ತವರಿಂದ ಕೊಡೋದೂ ಬಳುವಳಿನೇ, ಆ ಅರ್ಥ ತಗೊಂಡ್ರೆ ಮತ್ತೆ ಆಸ್ತಿ ಗೋಜಿಗೇ ಬರ್ತೀವಿ. ಆದ್ರೆ ‘ಹಾಡು ಅವಳಿಗೆ ಅಮ್ಮನಿಂದ ಬಂದ ಬಳುವಳಿ’ ಅಂತೀವಲ್ಲ, ಅಲ್ಲಿ ಅಮ್ಮನ ಹಾಡು ಅಮ್ಮನ ಹತ್ರಾನೇ ಇದೆ. ನೂಲಿನಂತೆ ಸೀರೆ ತಾಯಿಯಂತೆ ಮಗಳು ಅನ್ನೋದನ್ನ ಅದರ ಪಕ್ಕದಲ್ಲೇ ಬರೆದುಬಿಟ್ರೆ ಪಾಠ ಅರ್ಧ ಮುಗೀತು.

ಇಂಗ್ಲಿಷಲ್ಲೂ ಮೊದಲಿಂದ ಒಂದೇ ಪದ ಇರ್ಲಿಲ್ಲ. ನಾರ್ವೆಯಲ್ಲಿ ಡಾಲ್ ಮತ್ತು ನೈಗಾರ್ಡ್ ಮಾಡಿದ ಸಿಮ್ಯುಲಾ 67 ಅನ್ನೋ ಹಳೇ ಪ್ರೋಗ್ರಾಮಿಂಗ್ ಭಾಷೇಲಿ ತಾಯಿ ಕ್ಲಾಸಿನ ಹೆಸರನ್ನ ಮಗಳ ಕ್ಲಾಸಿಗೆ ಮುಂಚೆ ಬರೀತಿದ್ರು, ಅದಕ್ಕೆ ಪ್ರಿಫಿಕ್ಸ್ ಅಂತಿದ್ರು. ಸಿ ಪ್ಲಸ್ ಪ್ಲಸ್‌ನಲ್ಲಿ ತಾಯಿ ಕ್ಲಾಸಿಗೆ ಬೇಸ್, ಮಗಳಿಗೆ ಡಿರೈವ್ಡ್ ಅಂತಾರೆ. ಹಾಗಾಗಿ ಇನ್‌ಹೆರಿಟ್ ಅನ್ನೋದರ ಡಿಕ್ಷನರಿ ಅರ್ಥಕ್ಕೇ ನಾವು ಕಟ್ಟುಬೀಳಬೇಕಿಲ್ಲ ಅಂತ ನನ್ನ ಅನಿಸಿಕೆ.

ಈಗ ಬೇಕಾಗಿರೋದು ಕ್ರಿಯಾಪದ. ‘ಹೊಂದಿದೆ’ ಬೇಡವೇ ಬೇಡ, ಕಾರು ಇಂಜಿನ್ ಹೊಂದಿದೆ ಅನ್ನೋದು ಕಾಂಪೊಸಿಷನ್ (ಒಂದು ಇನ್ನೊಂದರ ಭಾಗವಾಗಿರೋದು), ಮಕ್ಕಳು ಗೊಂದಲ ಮಾಡ್ಕೊಳ್ಳೋದೇ ಅಲ್ಲಿ, ಆಮೇಲೆ ಕಾರನ್ನ ಇಂಜಿನ್‌ನ ಮಗಳು ಮಾಡಿ ಕೋಡ್ ಬರೆದು ತರ್ತಾರೆ. ‘ಬಳುವಳಿ ಪಡೆಯುತ್ತೆ’ ಉದ್ದ ಆಯ್ತು. ಒಂದೇ ಪದದಲ್ಲಿ ಹೇಳೋ ಹಾಗೆ ನಿಮ್ಮ ಕಡೆ ಏನಾದ್ರೂ ಮಾತಿದ್ಯಾ? ಕರಾವಳಿ, ಧಾರವಾಡದ ಕಡೆಯೋರು ಬಳುವಳಿ ಅಂದ ತಕ್ಷಣ ಯಾವ ಅರ್ಥ ಹೊಳೆಯುತ್ತೆ ಅಂತಾನೂ ದಯವಿಟ್ಟು ತಿಳಿಸಿ.