ಮುಳ್ಳು 90ಕ್ಕೇ ನಿಂತಿದೆ

‘ಇ ಅಂಡ್ ಸಿ ಕೊನೇ ಬೆಂಚ್’ (ಎಲೆಕ್ಟ್ರಾನಿಕ್ಸ್ ಅಂಡ್ ಕಮ್ಯುನಿಕೇಶನ್ ಓದಿದ ಹಳೇ ಸಹಪಾಠಿಗಳ) ಗುಂಪು, ಭಾನುವಾರ ಬೆಳಿಗ್ಗೆ

ಟೋಕಿಯೊ ಮಂಜ: (ಸುದ್ದಿಯೊಂದರ ಲಿಂಕ್) ನೋಡ್ರೋ, ಜಪಾನ್‌ನಲ್ಲಿ ಎಎಂ (ಅದೇ, ಹಳೇ ಮೀಡಿಯಂ ವೇವ್ ರೇಡಿಯೊ) ಕಥೆ ಮುಗಿಯುತ್ತಾ ಬಂತು. ಖಾಸಗಿ ಎಎಂ ಸ್ಟೇಷನ್ 47 ಇವೆ. ಅದರಲ್ಲಿ 44 ಸ್ಟೇಷನ್‌ಗಳು 2028ರೊಳಗೆ ಎಫ್‌ಎಂಗೆ ಹೋಗುವ ಗುರಿ ಅಂತ 2021ರಲ್ಲೇ ಹೇಳಿವೆ. ಎಫ್‌ಎಂ ಬ್ಯಾಂಡನ್ನೂ ಅಗಲ ಮಾಡಿದ್ದಾರೆ. ಮೊದಲು 76ರಿಂದ 90 ಮೆಗಾಹರ್ಟ್ಸ್ ಇತ್ತು, ಈಗ 95ರವರೆಗೆ. ಸೂಪರ್ ಅಲ್ವಾ?

ಗುಂಡ: ಸೂಪರ್. ಇನ್ನು ಕರಕರ ಇಲ್ಲ. ಇದಕ್ಕೆ ಇಷ್ಟು ವರ್ಷ ಬೇಕಿತ್ತಾ?

ಶಾಸ್ತ್ರಿ: ಆ ಜಾಗ ಸುಮ್ನೆ ಬಿದ್ದಿರಲಿಲ್ಲ ಕಣೋ. 90ರಿಂದ 108ರವರೆಗೆ ಅಲ್ಲಿ ಟಿವಿ ಚಾನೆಲ್ 1, 2, 3 ಇದ್ದವು. 2011ರಲ್ಲಿ ಅನಲಾಗ್ ಟಿವಿ ನಿಲ್ಲಿಸಿದ ಮೇಲೆ ತಾನೇ ಖಾಲಿಯಾಗಿದ್ದು? ಮತ್ತೆ ಈ ಕರಕರ ಎಲ್ಲ ನೆಪ. ಅಸಲು ವಿಷಯ ದುಡ್ಡು.

ಗುಂಡ: ಯಾವ ದುಡ್ಡು? ಸ್ವಲ್ಪ ಬಿಡಿಸಿ ಹೇಳು.

ಶಾಸ್ತ್ರಿ: ಆ್ಯಂಟೆನಾ ಪೇಪರ್‌ನಲ್ಲಿ ನನ್ನದನ್ನೇ ನೋಡಿ ಬರೆದವನು ನೀನು, ನಿನಗೆ ಹೇಗೆ ನೆನಪಿರುತ್ತದೆ. ಟೋಕಿಯೊದ ಟಿಬಿಎಸ್ ರೇಡಿಯೊ ಎಎಂನಲ್ಲಿ 954 ಕಿಲೋಹರ್ಟ್ಸ್. ಕಾಲು ಅಲೆ, ಅಂದರೆ ಅಲೆಯ ಉದ್ದದ ಕಾಲು ಭಾಗ, ಸುಮಾರು 79 ಮೀಟರ್ ಕಂಬ. ಅದರ ಸುತ್ತ ನೆಲದೊಳಗೆ ತಂತಿ ಹೂಳಬೇಕು, ನೆಲ ಒದ್ದೆಯಾಗಿದ್ದಷ್ಟೂ ಒಳ್ಳೆಯದು, ಅದಕ್ಕೇ ಎಷ್ಟೋ ಕಂಬಗಳು ಹೊಳೆಯ ದಂಡೆಯಲ್ಲಿವೆ. ಪ್ರವಾಹ ಬಂದರೆ ಮೊದಲು ಮುಳುಗುವುದೂ ಅವೇ. ಅದೇ ಸ್ಟೇಷನ್ ಎಫ್‌ಎಂನಲ್ಲಿ 90.5 ಮೆಗಾಹರ್ಟ್ಸ್. ಅಲ್ಲಿ ಕಾಲು ಅಲೆ 83 ಸೆಂಟಿಮೀಟರ್, ಸ್ಕೈಟ್ರೀ ಗೋಪುರದ ಮೇಲೆ ಹಾಕಿದರೆ ಆಯಿತು. ಹಳೇ ಕಂಬ ಬಿದ್ದುಹೋದರೆ ಮತ್ತೆ ಕಟ್ಟಿಸುವ ಖರ್ಚು ಯಾರು ಕೊಡುತ್ತಾರೆ?

ಸುಧಾ: ಅದೆಲ್ಲ ಸರಿ, ಗುಡ್ಡದ ಹಿಂದೆ ಇರುವವರು ಏನು ಮಾಡಬೇಕು? ಎಫ್‌ಎಂ ಹೆಚ್ಚುಕಡಿಮೆ ಕಣ್ಣಿಗೆ ಕಾಣುವಷ್ಟೇ ದೂರ. ಎಎಂ ನೆಲ ಹಿಡಿದು ಹೋಗುತ್ತದೆ. ಉತ್ತರ ಜಪಾನ್‌ನ ಹೊಕ್ಕೈಡೊದ ಎರಡು, ಅಕಿತದ ಒಂದು ಸ್ಟೇಷನ್ ಈ 44ರಲ್ಲಿ ಯಾಕಿಲ್ಲ, ಮಂಜ ಅದನ್ನೂ ಹೇಳಲಿ.

ಟೋಕಿಯೊ ಮಂಜ: ಅಲ್ಲಿ ಊರೂರಿಗೂ ದೂರ ಜಾಸ್ತಿ ಕಣೇ, ಮರುಪ್ರಸಾರ ಕೇಂದ್ರ ಎಷ್ಟು ಅಂತ ಹಾಕುತ್ತಾರೆ? ಉಳಿದವರಿಗೆ ಇಂಟರ್‌ನೆಟ್‌ನಲ್ಲಿ ರೇಡಿಯೊ ಕೇಳುವ ರಾಡಿಕೊ ಆ್ಯಪ್ ಇದೆಯಲ್ಲ.

ಸುಧಾ: ಭೂಕಂಪವಾಗಿ ಮೊಬೈಲ್ ಟವರ್ ಸತ್ತಾಗ ಆ್ಯಪ್ ಹಾಕಿಕೊಂಡು ಕೂರುತ್ತೀಯಾ? ನೀನೇ ಅಲ್ವಾ ಬ್ಯಾಟರಿ ರೇಡಿಯೊ ತೊಗೊಂಡೆ ಅಂತ ಫೋಟೊ ಹಾಕಿದ್ದು?

ಗುಂಡ: 😂😂

ಟೋಕಿಯೊ ಮಂಜ: ಅದರ ಕಥೆಯೇ ಬೇರೆ. ಸಂತೆಯಲ್ಲಿ ಕೊಂಡ ಹಳೇ ಸೆಟ್, ಮುಳ್ಳು 90ಕ್ಕೇ ನಿಲ್ಲುತ್ತದೆ. ಹೊಸ ಬ್ಯಾಂಡ್ ಬರುವುದೇ ಇಲ್ಲ. ಆದರೆ ಕೆಳಗಿನ ಮನೆ ಅಜ್ಜಿಯ ರೇಡಿಯೊ ಅದಕ್ಕಿಂತ ಹಳೆಯದು, ಅದರಲ್ಲಿ ಎಫ್‌ಎಂ ಪಟ್ಟಿ ಮುಗಿದ ಮೇಲೆ ‘ಟಿವಿ 1, 2, 3’ ಅಂತ ಗುರುತಿದೆ. ಟಿವಿಯ ಧ್ವನಿ ಮಾತ್ರ ಕೇಳಲಿಕ್ಕೆ ಮಾಡಿದ್ದು. ನಿಧಾನಕ್ಕೆ ತಿರುಗಿಸಿದೆ, 90 ದಾಟುತ್ತಿದ್ದಂತೆ, 1ರ ಗುರುತಿಗೆ ಮೊದಲೇ, 90.5 ಕ್ಲಿಯರ್ ಆಗಿ ಬಂತು!

ಶಾಸ್ತ್ರಿ: ಬರದೆ ಏನು. ಅದೇ ಜಾಗ ತಾನೇ.

ಸುಧಾ: ಅಜ್ಜಿಗೆ ಖುಷಿಯಾಯಿತಾ?

ಟೋಕಿಯೊ ಮಂಜ: ಟಿವಿ ಪಟ್ಟಿಯಲ್ಲಿ ರೇಡಿಯೊ ಯಾಕೆ ಬರುತ್ತಿದೆ, ಕೆಡಿಸಿಬಿಟ್ಟೆಯಾ ಅಂತ ಬೈದರು. ವಾಪಸ್ 954ಕ್ಕೇ ತಿರುಗಿಸಿ ಕೊಟ್ಟು ಬಂದೆ.