ಹಳೇ ಜಮೀನು ಪತ್ರದಲ್ಲಿ ‘ಬಿಳಿ ಓಕ್ ಮರದಿಂದ 120 ಪೋಲ್’ ಅಂತಿದೆ, ಏನಿದು?

ಕಣಿವೆ_ಕನ್ನಡಿಗ: ನಾವಿರುವುದು ವರ್ಜೀನಿಯಾದ ಶೆನಂಡೋವಾ ಕಣಿವೆಯಲ್ಲಿ. ಪಕ್ಕದ ಮನೆ ಅಜ್ಜಿಯ ಹಿರಿಯರು 1750ರ ಸುಮಾರಿಗೆ ಪೆನ್ಸಿಲ್ವೇನಿಯಾದಿಂದ ಇಳಿದು ಬಂದ ಜರ್ಮನ್ ಕುಟುಂಬ. ಆಗಿನ ಪತ್ರದ ನಕಲು ಕೈಗೆ ಕೊಟ್ಟು, ನೀನು ಇಂಜಿನಿಯರ್ ಅಲ್ವಾ, ನಕ್ಷೆ ಮಾಡಿಕೊಡು ಎಂದರು. ಓಕ್ ಮರದಿಂದ ಇಷ್ಟು ಪೋಲ್, ಹಳ್ಳದ ತನಕ ಇಷ್ಟು ಪೋಲ್, ಹೀಗೇ ಹೋಗುತ್ತದೆ. ಹಾಕಿ ನೋಡಿದರೆ ಶುರುವಿನ ಮರಕ್ಕೆ ಗೆರೆ ವಾಪಸ್ ಬರುವುದೇ ಇಲ್ಲ!

ಬಾಂದುಕಲ್ಲು: ಒಂದು ಪೋಲ್ ಅಂದರೆ ಹದಿನಾರೂವರೆ ಅಡಿ. ನಿಮ್ಮ 120 ಪೋಲ್ 1980 ಅಡಿ ಆಯಿತು. ನಾಲ್ಕು ಪೋಲ್ ಸೇರಿದರೆ 66 ಅಡಿಯ ಗುಂಟರ್ ಸರಪಳಿ, ಅದರಲ್ಲಿ 100 ಕೊಂಡಿ. ಹತ್ತು ಚದರ ಸರಪಳಿಗೆ ಒಂದು ಎಕರೆ. ನಮ್ಮೂರ ಸರ್ವೆಯವರ ಸರಪಳಿ ಇದರ ಅರ್ಧ, 33 ಅಡಿ. ಅದರ ಒಂದು ಚದರವೇ ಗುಂಟೆ, ಹಾಗಾಗಿ 40 ಗುಂಟೆಗೆ ಎಕರೆ.

ಗೆರೆ ಕೂಡದಿದ್ದರೆ ತಲೆ ಕೆಡಿಸಿಕೊಳ್ಳಬೇಡಿ. ಗುಡ್ಡ, ಪೊದೆ, ಹಳ್ಳದ ಮೇಲೆ ಸರಪಳಿ ಎಳೆದ ಅಳತೆ ಅದು. ದಿಕ್ಕು ನೋಡಿದ್ದು ದಿಕ್ಸೂಚಿಯಲ್ಲಿ, ಅದರ ಮುಳ್ಳು ತೋರಿಸುವ ಉತ್ತರ ಇಷ್ಟು ವರ್ಷಗಳಲ್ಲಿ ಸರಿದಿದೆ, ಅದಕ್ಕೇ ಈಗಿನ ನಕ್ಷೆಯ ಮೇಲಿಟ್ಟರೆ ಇಡೀ ಜಮೀನು ಸ್ವಲ್ಪ ತಿರುಗಿ ಕೂತಂತೆ ಕಾಣುತ್ತದೆ.

ಹಳೇಕಡತ: ಊರು 1746ರಲ್ಲಿ ಎಳೆದ ಫೇರ್‌ಫ್ಯಾಕ್ಸ್ ಗೆರೆಯ (ಲಾರ್ಡ್ ಫೇರ್‌ಫ್ಯಾಕ್ಸ್ ಎಂಬ ಇಂಗ್ಲಿಷ್ ಜಮೀನ್ದಾರನ ಪಾಲಿನ ಗಡಿ) ಯಾವ ಕಡೆ ಬರುತ್ತದೆ ನೋಡಿ. ಉತ್ತರಕ್ಕಿದ್ದರೆ ಪತ್ರ ಕೊಟ್ಟಿದ್ದು ಲಾರ್ಡ್ ಫೇರ್‌ಫ್ಯಾಕ್ಸ್‌ನ ಕಚೇರಿ. ಅವನ ಪಾಲಿಗೇ ಸುಮಾರು 50 ಲಕ್ಷ ಎಕರೆ ಇತ್ತು! 1748ರಲ್ಲಿ ಅವನ ಜಮೀನು ಅಳೆಯುವ ತಂಡದ ಜೊತೆ ಹದಿನಾರರ ಹುಡುಗ ಜಾರ್ಜ್ ವಾಷಿಂಗ್ಟನ್ ಕೂಡ ಇದೇ ಕಣಿವೆಗೆ ಬಂದಿದ್ದ. ದಕ್ಷಿಣಕ್ಕಿದ್ದರೆ ಆಗಿನ ವರ್ಜೀನಿಯಾದ ರಾಜಧಾನಿ ವಿಲಿಯಮ್ಸ್‌ಬರ್ಗ್‌ನಿಂದ, ಬ್ರಿಟಿಷ್ ರಾಜನ ಹೆಸರಲ್ಲಿ.

ಇನ್ನೊಂದು, ಸರಪಳಿ ಹಿಡಿದವರ ಹೆಸರು ಸರ್ವೆ ಹಾಳೆಯಲ್ಲಿ ಇರಬಹುದು. ಬಿಡಬೇಡಿ. ಎಷ್ಟೋ ಸಲ ಅವರು ಅಕ್ಕಪಕ್ಕದವರು, ಇಲ್ಲ ಮನೆಯ ಅಳಿಯನೋ ಭಾವನೋ ಆಗಿರುತ್ತಾರೆ. ವಂಶ ಹುಡುಕುವವರಿಗೆ ಎಕರೆ ಲೆಕ್ಕಕ್ಕಿಂತ ಅದೇ ಮುಖ್ಯ.

ಮಲೆಸೀಮೆ: ಅಳೆಯುವ ಮೊದಲು ಅದು ಯಾರ ನೆಲ ಅಂತಲೂ ಅಜ್ಜಿಗೆ ಹೇಳಿ ಸ್ವಾಮಿ. 1744ರ ಲ್ಯಾಂಕಾಸ್ಟರ್ ಒಪ್ಪಂದದಲ್ಲಿ ಅಮೆರಿಕದ ಮೂಲನಿವಾಸಿಗಳಾದ ಇರೊಕ್ವಾ ಜನ ಈ ಕಣಿವೆಯ ಹಕ್ಕು ಬಿಟ್ಟುಕೊಟ್ಟರು, ಆದರೆ ಬಿಳಿಯರ ಮನೆಗಳು ಅದಕ್ಕೂ ಮೊದಲೇ ಎದ್ದಿದ್ದವು. ಸರಪಳಿ ಆಮೇಲೆ ಬಂತು.

ಕಣಿವೆ_ಕನ್ನಡಿಗ: ಎಲ್ಲರಿಗೂ ಥ್ಯಾಂಕ್ಸ್. ಸರ್ವೆ ಹಾಳೆ ತೆಗೆದು ನೋಡಿದೆವು. ಸರಪಳಿ ಹಿಡಿದ ಇಬ್ಬರಲ್ಲಿ ಒಬ್ಬನ ಮನೆತನದ ಹೆಸರು ಅಜ್ಜಿಯ ತಾಯಿಯ ತವರಿನದೇ. ಈಗ ಅಜ್ಜಿಗೆ ನಕ್ಷೆ ಬೇಡವಂತೆ, ಅವನು ಯಾರು ಅಂತ ಹುಡುಕಿಕೊಡಬೇಕಂತೆ.