ಸನ್ನದಿಗೆ ಗಂಟೆಗಳ ಲೆಕ್ಕ: ನಮ್ಮ ಮನೆಯ ಗುಂಪಿನಲ್ಲಿ ಒಂದು ಭಾನುವಾರ

ನಮ್ಮ ಕುಟುಂಬದ ವಾಟ್ಸಾಪ್ ಗುಂಪಿಗೆ ದೊಡ್ಡಪ್ಪನೇ ಅಡ್ಮಿನ್. ಶಿರಸಿಯಲ್ಲಿ 38 ವರ್ಷ ವಕೀಲಿಕೆ ಮಾಡಿರುವ ಅವರು ಗುಂಪು ಕಟ್ಟಿದ ದಿನವೇ ಹಾಕಿದ ಷರತ್ತು ಒಂದೇ: ಬರೆಯುವುದಾದರೆ ಪೂರ್ತಿ ವಾಕ್ಯ ಬರೆಯಬೇಕು, ಹೆಬ್ಬೆರಳಿನ ಚಿತ್ರ ಹಾಕಿ ಜಾರಿಕೊಳ್ಳಬಾರದು. ಕಳೆದ ಭಾನುವಾರ ಬೆಳಿಗ್ಗೆ ಬೆಂಗಳೂರಿನ ಅತ್ತೆ ಅದರಲ್ಲಿ ಒಂದು ಪೋಸ್ಟರ್ ಹಂಚಿದರು. ‘ಇನ್ನು ಮುಂದೆ ವಕೀಲರಿಗೂ ಪ್ರತಿ ವರ್ಷ ತರಬೇತಿ ಕಡ್ಡಾಯ, ತಪ್ಪಿದರೆ ಸನ್ನದು ಅಮಾನತು’ ಎಂದು ಕೆಂಪು ಅಕ್ಷರದಲ್ಲಿತ್ತು. ಸನ್ನದು ಎಂದರೆ ವಕೀಲಿಕೆ ಮಾಡಲು ಸಿಗುವ ಪರವಾನಗಿ. ಹೊರಡಿಸಿದವರ ಹೆಸರಿರಲಿಲ್ಲ, ದಿನಾಂಕವೂ ಇರಲಿಲ್ಲ. ಅತ್ತೆ ಲೆಕ್ಕಪರಿಶೋಧಕಿ, ಮಾವ ವೈದ್ಯರು, ದೊಡ್ಡಪ್ಪನ ಮಗ ರವಿಯಣ್ಣ ಇಂಗ್ಲೆಂಡಿನಲ್ಲಿ ಸಾಲಿಸಿಟರ್ (ಅಲ್ಲಿನ ಒಂದು ಬಗೆಯ ವಕೀಲ), ನಾನು, ಅನಘಾ, ಮೂರು ವರ್ಷದ ಹಿಂದೆ ಸನ್ನದು ಪಡೆದವಳು. ಇಂಥ ಮನೆಯಲ್ಲಿ ಆ ಪೋಸ್ಟರ್ ಸುಮ್ಮನೆ ಮುಂದೆ ಸಾಗುವ ಹಾಗಿರಲಿಲ್ಲ. ನಡುವೆ ಬಂದ ಊಟ ತಿಂಡಿಯ ಮಾತುಗಳನ್ನು ಬಿಟ್ಟು ಉಳಿದದ್ದನ್ನು ಇಲ್ಲಿ ಕೊಟ್ಟಿದ್ದೇನೆ.

ನಾನು: ಅತ್ತೆ, ಈ ಪೋಸ್ಟರ್‌ನಲ್ಲಿ ಹೇಳಿರುವಂಥ ನಿಯಮ ನಮ್ಮ ದೇಶದಲ್ಲಿಲ್ಲ. 1961ರ ವಕೀಲರ ಕಾಯ್ದೆಯ ಪ್ರಕಾರ ಒಮ್ಮೆ ನೋಂದಣಿಯಾಗಿ, ಅಖಿಲ ಭಾರತ ವಕೀಲರ ಪರೀಕ್ಷೆಯಲ್ಲಿ ಒಮ್ಮೆ ಉತ್ತೀರ್ಣರಾದರೆ, ಆಮೇಲೆ ನಾವು ಏನಾದರೂ ಓದಿದೆವೇ ಎಂದು ಜೀವಮಾನದಲ್ಲಿ ಯಾರೂ ಕೇಳುವುದಿಲ್ಲ. ಆ ಪರೀಕ್ಷೆ ಶುರುವಾದದ್ದೇ 2011ರಲ್ಲಿ. ಆದ್ದರಿಂದ ದೊಡ್ಡಪ್ಪನ ತಲೆಮಾರಿನವರು ಅದನ್ನೂ ಬರೆದವರಲ್ಲ.

ದೊಡ್ಡಪ್ಪ: ಸುಳ್ಳು ಎಂದು ತಿಳಿದು ಸಮಾಧಾನವಾಯಿತು. ಆ ಪರೀಕ್ಷೆಗೆ ಟಿಪ್ಪಣಿಗಳಿಲ್ಲದ ಕಾಯ್ದೆ ಪುಸ್ತಕಗಳನ್ನು ಜೊತೆಗೆ ಒಯ್ಯಬಹುದು ಎಂಬುದನ್ನೂ ಅನಘಾ ಇಲ್ಲಿ ಬರೆಯಬಹುದಿತ್ತು. ನಮಗೆ ಪ್ರತಿದಿನ ಬೆಳಿಗ್ಗೆ 11 ಗಂಟೆಗೆ ಪರೀಕ್ಷೆ ಶುರುವಾಗುತ್ತದೆ, ಎದುರು ಪಕ್ಷದ ವಕೀಲರೇ ಪರೀಕ್ಷಕರು.

ಅತ್ತೆ: ಅಣ್ಣಾ, ನಿಯಮ ಇಲ್ಲವೆಂದು ನೀನು ಸಮಾಧಾನ ಪಡುವುದೇ ನನಗೆ ವಿಚಿತ್ರವಾಗಿ ಕಾಣುತ್ತದೆ. ಅರವತ್ತರೊಳಗಿನ, ಸ್ವಂತ ಕಚೇರಿ ನಡೆಸುವ ಲೆಕ್ಕಪರಿಶೋಧಕರು ಮೂರು ವರ್ಷಕ್ಕೆ 120 ಗಂಟೆಗಳ ಕಲಿಕೆಯನ್ನು ನಮ್ಮ ಸಂಸ್ಥೆಗೆ ತೋರಿಸಬೇಕು. ನಿನ್ನ ಭಾವನಿಗೂ ಕರ್ನಾಟಕ ವೈದ್ಯಕೀಯ ಪರಿಷತ್ತಿನಲ್ಲಿ ಐದು ವರ್ಷಕ್ಕೊಮ್ಮೆ ನೋಂದಣಿ ನವೀಕರಿಸುವಾಗ 30 ಕ್ರೆಡಿಟ್ ಗಂಟೆಗಳ ದಾಖಲೆ ಬೇಕು. ಜನರ ದುಡ್ಡು ನೋಡುವವರಿಗೂ ದೇಹ ನೋಡುವವರಿಗೂ ಇರುವ ಕಟ್ಟುಪಾಡು, ಅವರ ಸ್ವಾತಂತ್ರ್ಯವನ್ನೇ ಕೈಯಲ್ಲಿ ಹಿಡಿದು ನಿಲ್ಲುವ ವಕೀಲರಿಗೆ ಏಕೆ ಬೇಡ?

ಮಾವ: ಭಾವ, ಸತ್ಯ ಹೇಳಿಬಿಡುತ್ತೇನೆ. ನಮ್ಮ ಸಮ್ಮೇಳನಗಳಲ್ಲಿ ಬೆಳಿಗ್ಗೆ ಒಂಬತ್ತಕ್ಕೆ ಹಾಜರಿಗೆ ಸಹಿ ಹಾಕಿ, ಚೀಲ ಪೆನ್ನು ತೆಗೆದುಕೊಂಡು, ಊಟದ ಹೊತ್ತಿಗೆ ಮತ್ತೆ ಕಾಣಿಸಿಕೊಳ್ಳುವವರನ್ನು ನಾನು ಬೇಕಾದಷ್ಟು ನೋಡಿದ್ದೇನೆ. ಒಮ್ಮೆ ನಾನೂ ಹಾಗೆ ಮಾಡಿದ್ದೇನೆ. ಆದರೆ ನನ್ನ ವೃತ್ತಿಯ ಕ್ರಮವನ್ನೇ ಬದಲಿಸಿದ ಎರಡು ಮೂರು ಉಪನ್ಯಾಸಗಳು, ಕಡ್ಡಾಯವಿಲ್ಲದಿದ್ದರೆ ನಾನು ಖಂಡಿತ ಹೋಗುತ್ತಿರದ ಸಮ್ಮೇಳನಗಳಲ್ಲಿಯೇ ಸಿಕ್ಕವು.

ದೊಡ್ಡಪ್ಪ: ನೀವು ಹೇಳಿದ ಆ ಚೀಲ ಪೆನ್ನೇ ನನ್ನ ವಾದ. ಕಾನೂನು ಬದಲಾಗುವುದನ್ನು ನಾನು ಯಾವ ಸಮ್ಮೇಳನದಲ್ಲಿಯೂ ಕಲಿತವನಲ್ಲ. ನಮ್ಮ ಸೀಮೆಯ ಪಾಲು ವ್ಯಾಜ್ಯಗಳನ್ನೇ ನೋಡಿ. 1994ರಲ್ಲಿ ಹಿಂದೂ ಉತ್ತರಾಧಿಕಾರ ಕಾಯ್ದೆಗೆ ಕರ್ನಾಟಕದ ತಿದ್ದುಪಡಿ ಬಂದು, ಅಲ್ಲಿಯವರೆಗೆ ಮದುವೆಯಾಗದ ಹೆಣ್ಣುಮಕ್ಕಳಿಗೆ ಒಟ್ಟು ಕುಟುಂಬದ ಆಸ್ತಿಯಲ್ಲಿ ಹುಟ್ಟಿನಿಂದಲೇ ಹಕ್ಕು ಸಿಕ್ಕಿತು. 2005ರ ಕೇಂದ್ರದ ತಿದ್ದುಪಡಿ ಮದುವೆಯಾದವರನ್ನೂ ಸೇರಿಸಿತು. ಆ ತಿದ್ದುಪಡಿ ಜಾರಿಯಾದ ದಿನ ತಂದೆ ಬದುಕಿರಬೇಕಿತ್ತು ಎಂದು ಸುಪ್ರೀಂ ಕೋರ್ಟು 2015ರಲ್ಲಿ ಫೂಲವತಿ ಪ್ರಕರಣದಲ್ಲಿ ಹೇಳಿತು, ಅದು ಕರ್ನಾಟಕದಿಂದಲೇ ಹೋದ ಪ್ರಕರಣ. 2020ರ ಆಗಸ್ಟ್ 11ರಂದು ವಿನೀತಾ ಶರ್ಮಾ ತೀರ್ಪು ಬಂದು, ತಂದೆ ಬದುಕಿರಬೇಕೆಂಬ ಮಾತು ಬಿದ್ದುಹೋಯಿತು. ಈ ನಾಲ್ಕು ತಿರುವುಗಳಲ್ಲಿ ಒಂದೊಂದರಲ್ಲಿಯೂ ನನ್ನ ಕಪಾಟಿನ ಕಡತಗಳನ್ನೆಲ್ಲ ಇಳಿಸಿ, ಯಾವ ತೋಟದಲ್ಲಿ ಯಾವ ತಂಗಿಗೆ ಈಗ ಪಾಲು ಬರುತ್ತದೆ ಎಂದು ಮತ್ತೆ ಲೆಕ್ಕ ಹಾಕಿದ್ದೇನೆ. ಅದಕ್ಕೆ ಯಾರೂ ನನಗೆ ಪ್ರಮಾಣಪತ್ರ ಕೊಡಲಿಲ್ಲ, ನಾನು ಕೇಳಲೂ ಇಲ್ಲ.

(ಈ ಸಂದೇಶಕ್ಕೆ ಅತ್ತೆ ಮೊದಲು ಉತ್ತರಿಸಲಿಲ್ಲ. ನಮ್ಮ ಮನೆಯ ಪಾಲುಪಟ್ಟಿ ಬರೆದವರೂ ದೊಡ್ಡಪ್ಪನೇ. ಅದರಲ್ಲಿ ಅತ್ತೆಯ ಹೆಸರಿದೆ ಎಂಬುದಷ್ಟನ್ನು ಇಲ್ಲಿ ಹೇಳಿದರೆ ಸಾಕು.)

ನಾನು: ದೊಡ್ಡಪ್ಪಾ, ನೀವು ಕಡತ ಇಳಿಸಿದಿರಿ ಎಂಬುದರಲ್ಲಿ ನನಗೆ ಅನುಮಾನವಿಲ್ಲ. ಇಳಿಸದವರ ಕಕ್ಷಿದಾರರ ಗತಿಯೇನು ಎಂಬುದಷ್ಟೇ ನನ್ನ ಪ್ರಶ್ನೆ. 2024ರ ಜುಲೈ 1ರಂದು ದಂಡ ಸಂಹಿತೆ, ದಂಡ ಪ್ರಕ್ರಿಯಾ ಸಂಹಿತೆ, ಸಾಕ್ಷ್ಯ ಅಧಿನಿಯಮ ಈ ಮೂರೂ ಒಂದೇ ದಿನ ಬದಲಾದವು. ನಾನು ಹೋಗುವ ನ್ಯಾಯಾಲಯವೊಂದರಲ್ಲಿ, ಜಾರಿಯಾಗಿ ತಿಂಗಳುಗಳು ಕಳೆದ ಮೇಲೆಯೂ ಹಿರಿಯರೊಬ್ಬರು ಹೊಸ ಪ್ರಕರಣದ ನಿರೀಕ್ಷಣಾ ಜಾಮೀನಿಗೆ 438ನೇ ಕಲಂ ಎಂದೇ ಅರ್ಜಿ ಹಾಕಿದರು. ದಂಡ ಪ್ರಕ್ರಿಯಾ ಸಂಹಿತೆಯ ಜಾಗಕ್ಕೆ ಬಂದ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ ಅದು ಈಗ 482. ಹಳೆಯ 482 ಎಂದರೆ ಹೈಕೋರ್ಟಿನಲ್ಲಿ ಪ್ರಕರಣ ರದ್ದು ಕೋರುವ ಅರ್ಜಿಯಾಗಿತ್ತು, ಅದು ಈಗ 528. ನ್ಯಾಯಾಲಯದ ಕಚೇರಿಯ ಆಕ್ಷೇಪಣೆ ಸರಿಪಡಿಸಿ ಅರ್ಜಿ ಮತ್ತೆ ವಿಚಾರಣೆಯ ಪಟ್ಟಿಗೆ ಬರುವವರೆಗೆ ಆ ಕಕ್ಷಿದಾರ ನೆಂಟರ ಮನೆಯ ಅಟ್ಟದಲ್ಲಿ ಮೂರು ರಾತ್ರಿ ಕಳೆದ.

ದೊಡ್ಡಪ್ಪ: ಕಲಂ ಸಂಖ್ಯೆ ತಪ್ಪಾದ ಮಾತ್ರಕ್ಕೆ ಅರ್ಜಿ ಸಾಯುವುದಿಲ್ಲ, ನ್ಯಾಯಾಲಯ ಕೋರಿಕೆಯ ತಿರುಳನ್ನು ನೋಡುತ್ತದೆ. ಇದು ನಿನ್ನ ಸೀನಿಯರ್ ನಿನಗೆ ಮೊದಲ ವಾರದಲ್ಲಿಯೇ ಹೇಳಿರಬೇಕಾದ ಮಾತು. ಜುಲೈ 1ಕ್ಕಿಂತ ಮೊದಲು ನಡೆದ ಅಪರಾಧಗಳಿಗೆ ಇವತ್ತಿಗೂ ಹಳೆಯ ದಂಡ ಸಂಹಿತೆಯೇ ಅನ್ವಯಿಸುತ್ತದೆ. ಆದ್ದರಿಂದ ಇನ್ನೂ ಹಲವು ವರ್ಷ ನಾವು ಎರಡು ಪುಸ್ತಕ ಹಿಡಿದೇ ನ್ಯಾಯಾಲಯಕ್ಕೆ ಹೋಗಬೇಕು. ಗೋಡೆಗೆ ಎದುರುಬದುರು ಕಲಂಗಳ ಪಟ್ಟಿ ಅಂಟಿಸಿಕೊಂಡರೆ ಸಾಕಾಗುವ ಕೆಲಸಕ್ಕೆ ಸನ್ನದು ಅಮಾನತು ಮಾಡುವ ಬೆದರಿಕೆ ಬೇಕೇ?

ನಾನು: ಸಂಖ್ಯೆಯಷ್ಟೇ ಬದಲಾಗಿದ್ದರೆ ಗೋಡೆಯ ಪಟ್ಟಿ ಸಾಕಿತ್ತು, ನಾನೂ ವಾದ ಬಿಡುತ್ತಿದ್ದೆ. ಆದರೆ ಖಾಸಗಿ ದೂರಿನ 223ನೇ ಕಲಂ ನೋಡಿ. ಆರೋಪಿಗೆ ತನ್ನ ಮಾತು ಹೇಳುವ ಅವಕಾಶ ಕೊಡದೆ ಮ್ಯಾಜಿಸ್ಟ್ರೇಟರು ಅಪರಾಧದ ಸಂಜ್ಞಾನ ತೆಗೆದುಕೊಳ್ಳುವಂತಿಲ್ಲ, ಅಂದರೆ ದೂರನ್ನು ವಿಚಾರಣೆಗೆ ಎತ್ತಿಕೊಳ್ಳುವಂತಿಲ್ಲ ಎಂಬ ಪರಂತುಕ (ಷರತ್ತು) ಹಳೆಯ 200ನೇ ಕಲಂನಲ್ಲಿ ಇರಲೇ ಇಲ್ಲ. ಪಟ್ಟಿಯಲ್ಲಿ 200ರ ಎದುರು 223 ಎಂದಷ್ಟೇ ಇರುತ್ತದೆ. ವಿದ್ಯುನ್ಮಾನ ದಾಖಲೆಗಳ ಬಗೆಗಿನ, ಹಳೆಯ ಸಾಕ್ಷ್ಯ ಅಧಿನಿಯಮದ 65ಬಿ ಎದುರು ಹೊಸದರ 63 ಎಂದಿರುತ್ತದೆ, ಆದರೆ 63ರ ಪ್ರಮಾಣಪತ್ರಕ್ಕೆ ಈಗ ಎರಡು ಭಾಗಗಳಿವೆ. ‘ಎ’ ಭಾಗಕ್ಕೆ ದಾಖಲೆ ಹಾಜರುಪಡಿಸುವವರು ಸಹಿ ಹಾಕಬೇಕು, ‘ಬಿ’ ಭಾಗಕ್ಕೆ ಪರಿಣತರೊಬ್ಬರು ಸಹಿ ಹಾಕಬೇಕು, ಎರಡರಲ್ಲಿಯೂ ಆ ಕಡತದ ಹ್ಯಾಶ್ ಮೌಲ್ಯ (ಕಡತ ಬದಲಾದರೆ ತಾನೂ ಬದಲಾಗುವ, ಬೆರಳಚ್ಚಿನಂಥ ಸಂಕೇತ) ಬರೆಯಬೇಕು. ಒಂದು ವಾಟ್ಸಾಪ್ ಸಂಭಾಷಣೆಯನ್ನು ನಿಶಾನೆ ಮಾಡಿಸಲು (ಸಾಕ್ಷ್ಯವಾಗಿ ನ್ಯಾಯಾಲಯದ ದಾಖಲೆಗೆ ಸೇರಿಸಲು) ಹೋಗಿ ನಾನೇ ಇದನ್ನು ಮುಖಭಂಗವಾದ ಮೇಲೆ ಕಲಿತೆ. ಆ ದಿನದ ನನ್ನ ಪಾಠದ ಶುಲ್ಕ ಕಟ್ಟಿದ್ದು ಕಕ್ಷಿದಾರಳು, ಒಂದು ಮುದ್ದತಿನ, ಅಂದರೆ ಮುಂದೂಡಿಕೆಯ ರೂಪದಲ್ಲಿ.

ಅತ್ತೆ: ಆ ಹೆಣ್ಣುಮಗಳು ನಿನ್ನ ಮೇಲೆ ದೂರು ಕೊಡಬಹುದಿತ್ತೇ?

ನಾನು: ಗ್ರಾಹಕರ ಆಯೋಗಕ್ಕೆ ಹೋಗುವಂತಿಲ್ಲ, ಅತ್ತೆ. ವಕೀಲರ ಸೇವೆ ಗ್ರಾಹಕ ಸಂರಕ್ಷಣಾ ಕಾಯ್ದೆಯ ವ್ಯಾಪ್ತಿಗೆ ಬರುವುದಿಲ್ಲ ಎಂದು 2024ರ ಮೇ 14ರಂದು ಸುಪ್ರೀಂ ಕೋರ್ಟು ತೀರ್ಪು ಕೊಟ್ಟಿದೆ. ವಕೀಲರ ಪರಿಷತ್ತಿಗೆ ವಕೀಲರ ಕಾಯ್ದೆಯ 35ನೇ ಕಲಂ ಅಡಿಯಲ್ಲಿ ದೂರು ಕೊಡಬಹುದು, ಆದರೆ ಅದು ದುರ್ನಡತೆಗೆ ಇರುವ ದಾರಿ. ಹೊಸ ಕಾನೂನು ಓದದಿರುವುದನ್ನು ದುರ್ನಡತೆ ಎಂದು ಸಾಬೀತುಮಾಡುವುದು ಸುಲಭವಲ್ಲ.

ಅತ್ತೆ: ಹಾಗಿದ್ದರೆ ಅಣ್ಣನ ವಾದ ಮುಗಿಯಿತು. ವೈದ್ಯರ ಮೇಲೆ ಗ್ರಾಹಕ ಆಯೋಗಕ್ಕೂ ಹೋಗಬಹುದು, ಮೇಲಿಂದ ಅವರಿಗೆ ಕಲಿಕೆಯ ಲೆಕ್ಕವೂ ಇದೆ. ವಕೀಲರಿಗೆ ಅದೂ ಇಲ್ಲ, ಇದೂ ಇಲ್ಲ.

ಮಧ್ಯಾಹ್ನದ ನಿದ್ದೆ ಮುಗಿಸಿ ದೊಡ್ಡಪ್ಪ ಮರಳುವ ಮೊದಲೇ ಇಂಗ್ಲೆಂಡಿನಲ್ಲಿ ಬೆಳಗಾಗಿತ್ತು.

ರವಿಯಣ್ಣ: ಎಲ್ಲವನ್ನೂ ಓದಿದೆ. ಅಪ್ಪನ ಪರವಾಗಿ ಮಾತನಾಡುವ ಅವಕಾಶ ನನಗೆ ಅಪರೂಪಕ್ಕೆ ಸಿಗುವುದರಿಂದ ಬಿಡಲಾರೆ. ಇಲ್ಲಿ ಸಾಲಿಸಿಟರುಗಳಿಗೆ ವರ್ಷಕ್ಕೆ 16 ಗಂಟೆ ತರಬೇತಿ ಕಡ್ಡಾಯವಾಗಿತ್ತು. 2016ರ ನವೆಂಬರ್ 1ರಿಂದ ನಮ್ಮ ನಿಯಂತ್ರಕ ಸಂಸ್ಥೆಯೇ ಆ ಗಂಟೆಗಳ ಲೆಕ್ಕವನ್ನು ಕೈಬಿಟ್ಟಿತು. ಗಂಟೆ ತುಂಬಿಸಲು ತಮ್ಮ ಕೆಲಸಕ್ಕೆ ಸಂಬಂಧವೇ ಇಲ್ಲದ ತರಗತಿಗಳಿಗೆ ಜನ ಹೋಗಿ ಕೂರುತ್ತಿದ್ದರು. ಈಗ ನನ್ನ ಕೆಲಸದಲ್ಲಿ ಎಲ್ಲಿ ಕೊರತೆಯಿದೆ ಎಂದು ನಾನೇ ಗುರುತಿಸಿ, ಅದನ್ನು ಹೇಗೆ ತುಂಬಿಕೊಂಡೆ ಎಂದು ಬರೆದಿಟ್ಟು, ಪ್ರತಿ ವರ್ಷ ಪ್ರಮಾಣಪತ್ರ ನವೀಕರಿಸುವಾಗ ಹಾಗೆ ಮಾಡಿದ್ದೇನೆ ಎಂದು ಘೋಷಿಸುತ್ತೇನೆ. ಇನ್ನೊಂದು ಮಾತು. ನ್ಯೂಯಾರ್ಕ್ ರಾಜ್ಯದಲ್ಲಿ ಅನುಭವಿ ವಕೀಲರಿಗೂ ಎರಡು ವರ್ಷಕ್ಕೆ 24 ಗಂಟೆ ಕಡ್ಡಾಯ. ಚಾಟ್‌ಜಿಪಿಟಿ ಹುಟ್ಟಿಸಿಕೊಟ್ಟ, ಇಲ್ಲದ ತೀರ್ಪುಗಳನ್ನು ನ್ಯಾಯಾಲಯದ ಮುಂದಿಟ್ಟು 2023ರಲ್ಲಿ 5000 ಡಾಲರ್ ದಂಡ ತೆತ್ತ ವಕೀಲರು ಅದೇ ನ್ಯೂಯಾರ್ಕಿನವರು.

ದೊಡ್ಡಪ್ಪ: ಮಗನೇ, ನಿನ್ನ ಫೀಸು ಕಟ್ಟಿದ್ದು ಇಂದು ಸಾರ್ಥಕವಾಯಿತು.

ಅತ್ತೆ: ರವಿ, ನೀನು ಅಪ್ಪನ ಪರವಾಗಿ ಮಾತನಾಡಿಲ್ಲ. ಗಂಟೆಗಳ ಲೆಕ್ಕ ಹೋಯಿತು ಎಂದೆಯೇ ಹೊರತು ಬಾಧ್ಯತೆ ಹೋಯಿತು ಎನ್ನಲಿಲ್ಲ. ಸುಳ್ಳು ಘೋಷಣೆ ಮಾಡಿದರೆ ನಿನ್ನನ್ನು ಕೇಳುವವರಿದ್ದಾರೆ. ನಿನ್ನ ಅಪ್ಪನನ್ನು ಕೇಳುವವರು ಯಾರು?

ರವಿಯಣ್ಣ: ಅತ್ತೆ, ಅದನ್ನು ಒಪ್ಪುತ್ತೇನೆ.

(ಈ ಚರ್ಚೆಯಲ್ಲಿ ಅತ್ಯಂತ ಚಿಕ್ಕ ಸಂದೇಶ ಇದೇ. ನನ್ನ ಮಟ್ಟಿಗೆ ಅತ್ಯಂತ ಮುಖ್ಯವಾದದ್ದೂ ಇದೇ.)

ದೊಡ್ಡಪ್ಪ: ಸರಿ, ಬಾಧ್ಯತೆಯ ಮಾತಿಗೇ ಬರೋಣ. ನ್ಯಾಯಾಧೀಶರಿಗೆ ಬೆಂಗಳೂರಿನ ನ್ಯಾಯಾಂಗ ಅಕಾಡೆಮಿಯಲ್ಲಿ ತರಬೇತಿ ಕೊಡುತ್ತಾರೆ, ಆ ದಿನಗಳಿಗೂ ಅವರಿಗೆ ಸಂಬಳವಿರುತ್ತದೆ. ತಾಲ್ಲೂಕಿನ ವಕೀಲ ಒಂದು ದಿನ ತರಬೇತಿಗೆ ಕೂತರೆ ಆ ದಿನದ ಗಳಿಕೆ ಹೋಗುತ್ತದೆ, ಬಸ್ಸಿನ ಖರ್ಚು ಮೈಮೇಲೆ ಬರುತ್ತದೆ, ಕಾರ್ಯಕ್ರಮ ನಡೆಸುವವರು ಶುಲ್ಕವನ್ನೂ ಕೇಳುತ್ತಾರೆ. ಜೂನಿಯರುಗಳಿಗೆ ತಿಂಗಳಿಗೆ ನಗರದಲ್ಲಿ 20,000, ಹಳ್ಳಿಗಾಡಿನಲ್ಲಿ 15,000 ರೂಪಾಯಿ ಕೊಡಿರೆಂದು ಭಾರತೀಯ ವಕೀಲರ ಪರಿಷತ್ತು 2024ರಲ್ಲಿ ಶಿಫಾರಸು ಮಾಡಿತಲ್ಲ, ಅಷ್ಟು ಪಡೆಯುವ ಒಬ್ಬ ಜೂನಿಯರನ್ನು ನಮ್ಮ ಕೋರ್ಟಿನ ಆವರಣದಲ್ಲಿ ನನಗೆ ತೋರಿಸಿ. ನೋಂದಣಿಗೆ ಕಾಯ್ದೆಯಲ್ಲಿರುವ 750 ರೂಪಾಯಿಗಿಂತ ಹೆಚ್ಚು ಪಡೆಯಬಾರದೆಂದು ಅದೇ ವರ್ಷ ಸುಪ್ರೀಂ ಕೋರ್ಟು ಹೇಳಬೇಕಾಯಿತು. ಮುಂಬಾಗಿಲಿನಿಂದ ಹೊರಹೋದ ವಸೂಲಿ ತರಬೇತಿ ಶುಲ್ಕವೆಂಬ ಹಿಂಬಾಗಿಲಿನಿಂದ ಒಳಬರುವುದಿಲ್ಲ ಎಂದು ಯಾರು ಹೊಣೆ ಹೊರುತ್ತಾರೆ?

ನಾನು: ಈ ಒಂದು ಮಾತಿಗೆ ನನ್ನಲ್ಲಿ ಉತ್ತರವಿಲ್ಲ, ದೊಡ್ಡಪ್ಪಾ. ನೀವು ಹೇಳದ ಇನ್ನೊಂದನ್ನು ನಾನೇ ಸೇರಿಸುತ್ತೇನೆ. ನಾನು ಆನ್‌ಲೈನಿನಲ್ಲಿ ಕೇಳಿದ ಉಪನ್ಯಾಸಗಳೆಲ್ಲ ಇಂಗ್ಲಿಷಿನಲ್ಲಿದ್ದವು, ನಮ್ಮ ಕೆಳಹಂತದ ನ್ಯಾಯಾಲಯಗಳಲ್ಲಿ ಸಾಕ್ಷಿ ಹೇಳುವವರು, ಪಾಟೀ ಸವಾಲು ಮಾಡುವವರು ಕನ್ನಡದವರು. ದೆಹಲಿಯ ಮಹನೀಯರೊಬ್ಬರು ಮಧ್ಯಸ್ಥಿಕೆ ಕಾನೂನಿನ ಮೇಲೆ ಎರಡು ಗಂಟೆ ಮಾತನಾಡುವುದನ್ನು ಕೇಳಿದರೆ ಲೆಕ್ಕ ತುಂಬೀತು, ಶಿರಸಿಯ ಜೀವನಾಂಶದ ಅರ್ಜಿಗೆ ಅದರಿಂದ ಏನೂ ಆಗದು. ಆದರೂ ಬಾಧ್ಯತೆ ಬೇಕೆಂಬ ನನ್ನ ಮಾತನ್ನು ಹಿಂತೆಗೆದುಕೊಳ್ಳುವುದಿಲ್ಲ. ನೋಂದಣಿಗೆ ಮುಂಚಿನ ತರಬೇತಿಯ ನಿಯಮ ಮಾಡಲು ಭಾರತೀಯ ವಕೀಲರ ಪರಿಷತ್ತಿಗೆ ಅಧಿಕಾರವಿಲ್ಲ ಎಂದು 1999ರಲ್ಲಿ ಸುಪ್ರೀಂ ಕೋರ್ಟು ಅದನ್ನು ರದ್ದುಮಾಡಿತ್ತು. ಪರಿಷತ್ತಿನ ಅಧಿಕಾರದ ಬಗೆಗಿನ ಆ ನಿಲುವನ್ನು 2023ರ ಫೆಬ್ರುವರಿ 10ರಂದು ಸಂವಿಧಾನ ಪೀಠ ಒಪ್ಪಲಿಲ್ಲ, ವಕೀಲರ ಪರೀಕ್ಷೆಯನ್ನು ಎತ್ತಿಹಿಡಿಯಿತು. ಆದ್ದರಿಂದ ಇಂಥ ನಿಯಮ ತರಲು ಅಧಿಕಾರವೇ ಇಲ್ಲ ಎಂಬ ವಾದ ಈಗ ಮೊದಲಿನಷ್ಟು ಗಟ್ಟಿಯಾಗಿ ನಿಲ್ಲಲಾರದು. ಶುಲ್ಕವಿಲ್ಲದೆ, ಕನ್ನಡದಲ್ಲಿ, ಆಯಾ ಊರಿನ ವಕೀಲರ ಸಂಘದಲ್ಲಿಯೇ ನಡೆಯಲಿ ಎಂದು ಷರತ್ತು ಹಾಕುವ ಹಕ್ಕು ನಿಮ್ಮಂಥ ಹಿರಿಯರಿಗಿದೆ. ಬೇಡವೇ ಬೇಡ ಎಂದು ಹೊರಗೆ ನಿಂತರೆ ಆ ಷರತ್ತುಗಳನ್ನು ಬೇರೆಯವರು ಬರೆಯುತ್ತಾರೆ.

ಮಾವ: ನಮ್ಮಲ್ಲಿ ಆದದ್ದು ಇದೇ, ಭಾವ. ಹಿರಿಯ ವೈದ್ಯರು ಹೊರಗೆ ನಿಂತರು, ಕಾರ್ಯಕ್ರಮ ಪಟ್ಟಿಯನ್ನು ಔಷಧ ಕಂಪನಿಯವರು ಬರೆದರು.

ಇದಾದ ಮೇಲೆ ಎರಡು ಗಂಟೆ ಗುಂಪಿನಲ್ಲಿ ಯಾರೂ ಮಾತನಾಡಲಿಲ್ಲ. ರಾತ್ರಿ ಊಟದ ಹೊತ್ತಿಗೆ ದೊಡ್ಡಪ್ಪನ ಸಂದೇಶ ಬಂತು.

ದೊಡ್ಡಪ್ಪ: ಅನಘಾ, 63ನೇ ಕಲಂ ಇನ್ನೊಮ್ಮೆ ಓದಿದೆ. ‘ಬಿ’ ಭಾಗಕ್ಕೆ ಸಹಿ ಹಾಕುವ ಪರಿಣತ ಎಂದರೆ ಯಾರು? ಬಸ್ ನಿಲ್ದಾಣದ ಎದುರಿನ ಮೊಬೈಲ್ ರಿಪೇರಿಯವನು ಆಗುತ್ತಾನೆಯೇ?

ನಾನು: ಕಲಂನಲ್ಲಿ ಪರಿಣತ ಎಂಬ ಪದವಷ್ಟೇ ಇದೆ, ದೊಡ್ಡಪ್ಪಾ. ಮಾಹಿತಿ ತಂತ್ರಜ್ಞಾನ ಕಾಯ್ದೆಯ 79ಎ ಅಡಿಯಲ್ಲಿ ಕೇಂದ್ರ ಸರ್ಕಾರ ಅಧಿಸೂಚಿಸಿದ ವಿದ್ಯುನ್ಮಾನ ಸಾಕ್ಷ್ಯ ಪರೀಕ್ಷಕರಿದ್ದಾರೆ. ಆದರೆ ಅವರೇ ಆಗಬೇಕೆಂದು 63 ಹೇಳುವುದಿಲ್ಲ. ರಿಪೇರಿಯವನನ್ನು ಸಾಕ್ಷಿ ಕಟ್ಟೆಗೆ ಕರೆದರೆ ನೀವು ಅವನನ್ನು ಪಾಟೀ ಸವಾಲಿನಲ್ಲಿ ಎಷ್ಟು ಹೊತ್ತು ನಿಲ್ಲಲು ಬಿಡುತ್ತೀರಿ?

ದೊಡ್ಡಪ್ಪ: ಐದು ನಿಮಿಷ. ಬರುವ ಶನಿವಾರ ಸಂಜೆ ನಮ್ಮ ಸಂಘದ ಗ್ರಂಥಾಲಯದಲ್ಲಿ ಏಳೆಂಟು ಜನರನ್ನು ಕೂರಿಸುತ್ತೇನೆ, ನೀನು ಬಂದು ಆ ನಮೂನೆಯನ್ನು ತುಂಬಿ ತೋರಿಸು. ಅದನ್ನು ತರಬೇತಿ ಎಂದು ಎಲ್ಲಿಯೂ ಬರೆಯಬೇಡ. ಹಾಜರಿ ಪುಸ್ತಕ ಇಡುವುದಿಲ್ಲ.

ಅತ್ತೆ: ಅಣ್ಣಾ, ಹಾಜರಿ ಪುಸ್ತಕ ಇಡದಿದ್ದರೆ ಬಾರದವರು ಯಾರೆಂದು ನಿನಗೆ ಹೇಗೆ ತಿಳಿಯುತ್ತದೆ?